ಹೊಳೆ ದಾಟಿದ ಕಥೆ, ದಾಟದ ಹಾಡು

1

ಕೆಲವು ವರ್ಷಗಳ ಹಿಂದೆ, ಬ್ಯಾಂಕ್ ನೌಕರರ ಮುಷ್ಕರದ ದಿನ. ನಮ್ಮ ಶಾಖೆಯ ಎದುರು ಚಪ್ಪರ ಹಾಕಿ ಕುಳಿತಿದ್ದೆವು. ಘೋಷಣೆಗಳೆಲ್ಲ ಮಲಯಾಳದಲ್ಲಿ. ಹೇಳಿಕೊಡುವವರು ಹೇಳಿಕೊಡುತ್ತಿದ್ದರು, ನಾನೂ ಕೈಯೆತ್ತಿ ಕೂಗುತ್ತಿದ್ದೆ. ಮಧ್ಯಾಹ್ನ ಬಿಸಿಲೇರಿ ಗಂಟಲು ಒಣಗಿದಾಗ ಚೆರುವತ್ತೂರು ಕಡೆಯ ಹಿರಿಯ ಸಹೋದ್ಯೋಗಿಯೊಬ್ಬರು ಕಯ್ಯೂರಿನ ಕಥೆ ತೆಗೆದರು. ನಾಲ್ವರು ರೈತರು ಗಲ್ಲಿಗೇರಿದ ಕಥೆ. ಹೇಳಿ ಮುಗಿಸಿ, "ನಮ್ಮ ಚಿರಸ್ಮರಣ ಓದಿದ್ದೀರಾ ನೀವು? ಓದಬೇಕು. ಮಲಯಾಳದಲ್ಲಿ ಅಂಥ ಪುಸ್ತಕ ಇನ್ನೊಂದಿಲ್ಲ" ಎಂದರು.

ಅದು ಕನ್ನಡದ ಪುಸ್ತಕ, ಬರೆದವರು ನಿರಂಜನ ಎಂದೆ. ಅವರು ನಕ್ಕುಬಿಟ್ಟರು. ಕಾಸರಗೋಡಿನ ಕನ್ನಡಿಗರು ಎಲ್ಲವನ್ನೂ ತಮ್ಮದೆನ್ನುತ್ತಾರೆ ಎಂಬ ನಗು ಅದು. ಕೆಲಸಕ್ಕೆ ಮರಳಿದ ದಿನ, ಅಪ್ಪನ ಪೆಟ್ಟಿಗೆಯಲ್ಲಿದ್ದ, ಬೆನ್ನಿನ ಹೊಲಿಗೆ ಬಿಚ್ಚಿಹೋದ ಕನ್ನಡ ಪ್ರತಿಯನ್ನು ಒಯ್ದು ಅವರ ಮೇಜಿನ ಮೇಲಿಟ್ಟೆ. ಅವರಿಗೆ ಕನ್ನಡ ಲಿಪಿ ಬಾರದು. ಪುಟಗಳನ್ನು ತಿರುವಿ, "ಅಪ್ಪು ಎಂದು ಎಲ್ಲಿ ಬರೆದಿದೆ, ತೋರಿಸಿ" ಎಂದರು. ತೋರಿಸಿದೆ. ಆ ಎರಡಕ್ಷರದ ಮೇಲೆ ಬೆರಳಿಟ್ಟುಕೊಂಡು ಸ್ವಲ್ಪ ಹೊತ್ತು ಕುಳಿತರು.

ಚಳವಳಿಗಳಲ್ಲಿ ಸಂಸ್ಕೃತಿಯ ಪಾತ್ರವೇನು ಎಂಬುದು ವಿಚಾರಗೋಷ್ಠಿಗಳಲ್ಲಿ ಆಗಾಗ ಕೇಳಿಬರುವ ಪ್ರಶ್ನೆ. ಹಾಡು ಜನರನ್ನು ಎಬ್ಬಿಸುತ್ತದೆ, ನಾಟಕ ಜಾಗೃತಿ ಮೂಡಿಸುತ್ತದೆ ಎಂಬ ಉತ್ತರವೂ ಸಿದ್ಧವಾಗಿಯೇ ಇದೆ. ಉತ್ತರ ಸುಳ್ಳಲ್ಲ, ಆದರೆ ಅರ್ಧ. ಎಬ್ಬಿಸುವುದು ಯಾರನ್ನು? ಈಗಾಗಲೇ ಎದ್ದು ಕುಳಿತವರನ್ನೋ, ನಿದ್ದೆಯಲ್ಲಿರುವ ನೆರೆಮನೆಯವರನ್ನೋ? ಗಡಿನಾಡಿನ ಅಲ್ಪಸಂಖ್ಯಾತರಾದ ನಮಗೆ ಈ ಪ್ರಶ್ನೆ ಬರಿಯ ಗೋಷ್ಠಿಯ ವಿಷಯವಲ್ಲ. ನಮ್ಮ ಜಿಲ್ಲೆಯ ಮೂರು ಹೋರಾಟಗಳನ್ನೂ ಅವುಗಳೊಡನೆ ಹುಟ್ಟಿದ ಮೂರು ಕೃತಿಗಳನ್ನೂ ಎದುರಿಗಿಟ್ಟುಕೊಂಡು ಇದನ್ನು ಪರಿಶೀಲಿಸುವುದು ಈ ಲೇಖನದ ಉದ್ದೇಶ.

2

ಮೊದಲು ಕಯ್ಯೂರು. ತೇಜಸ್ವಿನಿ ಹೊಳೆಯ ದಂಡೆಯ ಈ ಊರು ಆಗ ಮದ್ರಾಸು ಪ್ರಾಂತದ ದಕ್ಷಿಣ ಕನ್ನಡ ಜಿಲ್ಲೆಯ ಕಾಸರಗೋಡು ತಾಲೂಕಿಗೆ ಸೇರಿತ್ತು. ಭೂಮಿ ಜನ್ಮಿಗಳದು, ದುಡಿತ ಒಕ್ಕಲುಗಳದು. ಗೇಣಿಯ ಮೇಲೆ ವಾಶಿ, ನುರಿ, ಮುಕ್ಕಾಲು ಎಂಬ ಹೆಸರಿನ ಅಕ್ರಮ ವಸೂಲಿಗಳು. ಇವುಗಳ ವಿರುದ್ಧ 1930ರ ದಶಕದಲ್ಲಿ ಉತ್ತರ ಮಲಬಾರಿನಾದ್ಯಂತ ಕರ್ಷಕ ಸಂಘ ಬೆಳೆಯಿತು. 1941ರ ಮಾರ್ಚ್ 28ರಂದು ಕಯ್ಯೂರಿನಲ್ಲಿ ನಡೆದ ಮೆರವಣಿಗೆಗೆ ಒಬ್ಬ ಪೊಲೀಸ್ ಪೇದೆ ಎದುರಾದ. ಜನ ಅವನ ಕೈಗೆ ಕೆಂಬಾವುಟ ಕೊಟ್ಟು ತಮ್ಮ ಮುಂದೆ ನಡೆಸಿದರು. ತಪ್ಪಿಸಿಕೊಳ್ಳಲು ಆತ ಹೊಳೆಗೆ ಹಾರಿದ, ಕಲ್ಲೇಟುಗಳ ನಡುವೆ ನೀರಿನಲ್ಲಿ ಸತ್ತ. ಮೊಕದ್ದಮೆಯ ಕೊನೆಗೆ ಮಠತ್ತಿಲ್ ಅಪ್ಪು, ಕೊಯಿತಾಟಿಲ್ ಚಿರುಕಂಡನ್, ಪೊಡೋರ ಕುಂಞಂಬು ನಾಯರ್, ಪಳ್ಳಿಕ್ಕಲ್ ಅಬೂಬಕ್ಕರ್ ಎಂಬ ನಾಲ್ವರನ್ನು 1943ರ ಮಾರ್ಚ್ 29ರಂದು ಕಣ್ಣೂರು ಜೈಲಿನಲ್ಲಿ ಗಲ್ಲಿಗೇರಿಸಲಾಯಿತು. ಐದನೆಯವನಿಗೂ ಮರಣದಂಡನೆಯಾಗಿತ್ತು. ಪ್ರಾಯ ತುಂಬದ ಹುಡುಗನಾದ್ದರಿಂದ ಅವನ ಜೀವ ಉಳಿಯಿತು.

ಇಷ್ಟು ಚರಿತ್ರೆ. ಆದರೆ ಹೊಲದ ಒಕ್ಕಲು ಮಗ ಅಲ್ಲಿಯವರೆಗೆ ಬಂದದ್ದು ಹೇಗೆ? ಉತ್ತರ ಮಲಬಾರಿನ ರೈತ ಚಳವಳಿಯ ವಿಶೇಷ ಅಲ್ಲಿದೆ. ಸಂಘದ ಜೊತೆಗೇ ವಾಯನಶಾಲೆ ಬಂತು. ಓದಲು ಬಾರದವರಿಗೆ ರಾತ್ರಿ ಶಾಲೆ ಬಂತು. ಒಬ್ಬ ಪತ್ರಿಕೆ ಓದುವುದು, ಸುತ್ತ ಕುಳಿತವರು ಕೇಳುವುದು ರೂಢಿಯಾಯಿತು. 1937ರಲ್ಲಿ ಕೆ. ದಾಮೋದರನ್ ರೈತ ಸಮ್ಮೇಳನಕ್ಕೆಂದು ಬರೆದ 'ಪಾಟ್ಟಬಾಕ್ಕಿ' ನಾಟಕ ಮಲಬಾರಿನ ಊರೂರು ತಿರುಗಿತು. ಪಾಟ್ಟಬಾಕ್ಕಿ ಎಂದರೆ ಗೇಣಿ ಬಾಕಿ. ಜನ್ಮಿಯ ಲೆಕ್ಕದ ಪುಸ್ತಕದಲ್ಲಿ ದಿನವೂ ಕಾಣುವ ಶಬ್ದವೇ ನಾಟಕದ ಹೆಸರಾಯಿತು. ತನ್ನ ಮನೆಯ ಸಾಲ ತನ್ನ ಹಣೆಬರಹ ಎಂದುಕೊಂಡಿದ್ದ ರೈತ ಅದನ್ನೇ ರಂಗದ ಮೇಲೆ ಇನ್ನೊಬ್ಬನ ಮನೆಯ ಸಾಲವಾಗಿ ನೋಡಿದ. ನಮ್ಮ ಜಿಲ್ಲೆಯವರೇ ಆದ ಕವಿ ಟಿ. ಎಸ್. ತಿರುಮುಂಬ್ ಅವರನ್ನು 'ಹಾಡುವ ಖಡ್ಗ' ಎಂದು ಕರೆದದ್ದೂ ಇದೇ ಕಾಲದ ನೆನಪು.

ಪ್ರತಿಭಟನೆಯ ಕಲೆ ಆ ನೆಲಕ್ಕೆ ಹೊಸತಾಗಿರಲಿಲ್ಲ ಎಂಬುದನ್ನೂ ಗಮನಿಸಬೇಕು. ಪೊಟ್ಟನ್ ತೆಯ್ಯಂ ನೋಡಿದವರಿಗೆ ಗೊತ್ತು: ಚಂಡಾಲನ ವೇಷದ ಶಿವ ಶಂಕರಾಚಾರ್ಯರನ್ನು ತಡೆದು, ಜಾತಿಯ ಬಗ್ಗೆ ಉತ್ತರವಿಲ್ಲದ ಪ್ರಶ್ನೆ ಕೇಳುತ್ತಾನೆ. ಕೆಂಡದ ಮೇಲೆ ಮಲಗಿ ಕೇಳುತ್ತಾನೆ. ಮೇಲ್ಜಾತಿಯವನೂ ಕೈಮುಗಿದು ಕೇಳಬೇಕು. ಆದರೆ ಬೆಳಗಾಗಿ ಬಣ್ಣ ತೊಳೆದ ಮೇಲೆ ಕೋಲ ಕಟ್ಟಿದವನು ಮತ್ತೆ ಅದೇ ಅಂಗಳದ ಹೊರಗೆ ನಿಲ್ಲಬೇಕಾಗಿತ್ತು. ನಮ್ಮ ತುಳು ಭೂತಗಳ ಕಥೆಯೂ ಬೇರೆಯಲ್ಲ. ಒಂದು ರಾತ್ರಿಯ ಮಟ್ಟಿಗೆ ಕೊಟ್ಟ ಮಾತಿನ ಹಕ್ಕನ್ನು ವರ್ಷವಿಡೀ ಕೇಳಲು ಕಲಿಸಿದ್ದು ವಾಯನಶಾಲೆ ಎಂದು ನನ್ನ ತಿಳುವಳಿಕೆ.

3

ಈ ಹಿನ್ನೆಲೆಯಲ್ಲಿ ನಿರಂಜನರ 'ಚಿರಸ್ಮರಣೆ'ಯನ್ನು ನೋಡಬೇಕು. 1924ರಲ್ಲಿ ಸುಳ್ಯ ಸೀಮೆಯ ಕುಳಕುಂದದಲ್ಲಿ ಹುಟ್ಟಿದ ನಿರಂಜನರು ಓದಿದ್ದು ನೀಲೇಶ್ವರದ ರಾಜಾಸ್ ಹೈಸ್ಕೂಲಿನಲ್ಲಿ. ಕಯ್ಯೂರು ಅವರಿಗೆ ಪತ್ರಿಕೆಯ ಸುದ್ದಿಯಲ್ಲ, ಶಾಲೆಯ ದಿನಗಳ ನೆರೆಯೂರು. ಕಾದಂಬರಿ ಬಂದದ್ದು 1955ರಲ್ಲಿ. ಮರುವರ್ಷ ನವೆಂಬರ್ 1ಕ್ಕೆ ಕಾಸರಗೋಡು ತಾಲೂಕು ಕೇರಳಕ್ಕೆ ಸೇರಿತು.

ಕಾದಂಬರಿಯ ಶಕ್ತಿ ಅದರ ನಿಧಾನದಲ್ಲಿದೆ. ಗಲ್ಲುಗಂಬದ ಕಥೆ ಹೇಳಹೊರಟ ಲೇಖಕ ಶಾಲೆಗೆ ಹೋಗುವ ಇಬ್ಬರು ಹುಡುಗರಿಂದ ತೊಡಗುತ್ತಾನೆ. ಅಪ್ಪು ಮತ್ತು ಚಿರುಕಂಡ ಮೇಷ್ಟರ ಮಾತು ಕೇಳುತ್ತ, ಓದುತ್ತ, ಮನೆಯ ಬಡತನಕ್ಕೂ ಜಮೀನುದಾರನ ಕಣಜಕ್ಕೂ ಇರುವ ಸಂಬಂಧವನ್ನು ಒಂದೊಂದೇ ಎಳೆಯಾಗಿ ಬಿಡಿಸಿಕೊಳ್ಳುತ್ತಾರೆ. ಅಕ್ಷರ, ಗೆಳೆತನ, ಸಂಘ ಈ ಕ್ರಮದಲ್ಲಿ ಬೆಳೆಯುತ್ತವೆ. ಚಳವಳಿಗೆ ಸಂಸ್ಕೃತಿಯನ್ನು ತೋರಣದ ಹಾಗೆ ಕಟ್ಟಿದ ಕೃತಿಯಲ್ಲ ಇದು. ಇಲ್ಲಿ ಓದುವುದೇ ಚಳವಳಿಯ ಮೊದಲ ಹೆಜ್ಜೆ.

ದೋಷಗಳೂ ಇವೆ. ಜಮೀನುದಾರರು ಒಂದೇ ಬಣ್ಣದವರು, ಅವರ ಮನಸ್ಸಿನೊಳಗೆ ಕಾದಂಬರಿ ಇಳಿಯುವುದಿಲ್ಲ. ನಾಯಕರ ಮಾತು ಕೆಲವೆಡೆ ಭಾಷಣವಾಗುತ್ತದೆ. ಹೊಳೆಯಲ್ಲಿ ಸತ್ತ ಪೊಲೀಸನಿಗೂ ಒಂದು ಮನೆ ಇದ್ದಿರಬೇಕು ಎಂಬ ಯೋಚನೆ ಓದುವಾಗ ನನ್ನನ್ನು ಕಾಡುತ್ತದೆ. ಕಾದಂಬರಿ ಅಲ್ಲಿ ಹೆಚ್ಚು ಹೊತ್ತು ನಿಲ್ಲುವುದಿಲ್ಲ. ಪ್ರಗತಿಶೀಲ ಸಾಹಿತ್ಯದ ಬಗ್ಗೆ ನವ್ಯರು ಎತ್ತಿದ ಆಕ್ಷೇಪಗಳಲ್ಲಿ ಕೆಲವು ಇಲ್ಲಿಗೂ ಸಲ್ಲುತ್ತವೆ ಎಂದು ಒಪ್ಪಿಕೊಳ್ಳುವುದರಲ್ಲಿ ನಷ್ಟವಿಲ್ಲ.

ಆದರೆ ಒಂದು ಸಂಗತಿಯನ್ನು ನಮ್ಮ ವಿಮರ್ಶೆ ಸಾಕಷ್ಟು ಗಮನಿಸಿಲ್ಲವೆಂದು ನನಗನ್ನಿಸುತ್ತದೆ. ಕಯ್ಯೂರಿನ ರೈತರು ಆಡುವ ಮಾತು ಮಲಯಾಳ. ನಿರಂಜನರು ಅವರಿಂದ ಆಡಿಸಿದ್ದು ಕನ್ನಡ, ಅದೂ ಸರಳವಾದ ಗ್ರಂಥಸ್ಥ ಕನ್ನಡ. ಮಂಗಳೂರಿನ ಓದುಗನಿಗೂ ಧಾರವಾಡದ ಓದುಗನಿಗೂ ಅಪ್ಪು ಹೊರಗಿನವನೆಂದು ಅನಿಸುವುದೇ ಇಲ್ಲ. ಆಡುನುಡಿಯ ಸೊಗಡು ಕಳೆದುಹೋಯಿತಲ್ಲ ಎನ್ನಬಹುದು. ನಿಜ, ಕಳೆದುಹೋಯಿತು. ಆದರೆ ಅದರ ಬದಲಿಗೆ ಇನ್ನೊಂದು ದಕ್ಕಿತು. ಬೇರೆ ಭಾಷೆಯ ನಾಲ್ವರು ರೈತರ ಸಾವು ಕನ್ನಡದ ಮನೆಯ ಸಾವಾಯಿತು. ಆಮೇಲೆ ಕೃತಿ ಮಲಯಾಳಕ್ಕೆ ಅನುವಾದವಾದಾಗ ಅಪ್ಪು ತನ್ನ ಮಾತಿಗೆ ತಾನೇ ಮರಳಿದ. ಎಷ್ಟು ಸಹಜವಾಗಿ ಮರಳಿದನೆಂದರೆ ನನ್ನ ಸಹೋದ್ಯೋಗಿಗೆ ಅದು ಅನುವಾದವೆಂಬ ಸಂಶಯವೂ ಬಂದಿರಲಿಲ್ಲ. 1986ರಲ್ಲಿ ಲೆನಿನ್ ರಾಜೇಂದ್ರನ್ ಕಯ್ಯೂರಿನ ಕುರಿತು 'ಮೀನಮಾಸತ್ತಿಲೆ ಸೂರ್ಯನ್' ಚಿತ್ರ ಮಾಡುವ ಹೊತ್ತಿಗೆ, ಆ ನೆನಪನ್ನು ಮೂರು ದಶಕ ಕಾದಿಟ್ಟವರಲ್ಲಿ ಒಬ್ಬ ಕನ್ನಡ ಲೇಖಕನೂ ಇದ್ದ. ನಿರಂಜನರು ಮಗಳಿಗೆ ತೇಜಸ್ವಿನಿ ಎಂದು ಹೆಸರಿಟ್ಟರು. ಆ ಮಗಳೇ ಮುಂದೆ ಕಾದಂಬರಿಯನ್ನು ಇಂಗ್ಲಿಷಿಗೆ ಅನುವಾದಿಸಿದರು.

4

ಎರಡನೆಯದು ನಮ್ಮದೇ ಹೋರಾಟ, ಕಾಸರಗೋಡಿನ ವಿಲೀನೀಕರಣ ಚಳವಳಿ. 1956ರ ರಾಜ್ಯ ಪುನರ್ವಿಂಗಡಣೆಯಲ್ಲಿ ಕೈತಪ್ಪಿದ ನೆಲಕ್ಕಾಗಿ ನಡೆದ ಈ ಚಳವಳಿಗೆ ದನಿ ಕೊಟ್ಟವರು ಕಯ್ಯಾರ ಕಿಞ್ಞಣ್ಣ ರೈಗಳು. ಮನೆಗೆ ಬೆಂಕಿ ಹತ್ತಿದಾಗ ಒಡಹುಟ್ಟಿದವರನ್ನು ಕೂಗಿ ಕರೆಯುವ ದನಿಯ ಆ ಹಾಡು ಗೊತ್ತಿಲ್ಲದ ಕನ್ನಡ ಮನೆ ಇಲ್ಲಿ ಕಡಿಮೆ. ನನ್ನ ಅಜ್ಜ ಮೆರವಣಿಗೆಗಳಲ್ಲಿ ಅದನ್ನು ಹಾಡುತ್ತ ನಡೆದವರು. ಕೊನೆಗಾಲದಲ್ಲಿ ಹೆಸರುಗಳು ಮರೆತುಹೋದ ಮೇಲೂ ಹಾಡಿನ ಸಾಲುಗಳು ಅವರ ಬಾಯಿಂದ ತಪ್ಪದೆ ಬರುತ್ತಿದ್ದವು. 1966ರಲ್ಲಿ ನೇಮಕವಾದ ಮಹಾಜನ ಆಯೋಗ 1967ರಲ್ಲಿ ವರದಿ ಕೊಟ್ಟು, ಚಂದ್ರಗಿರಿ ಹೊಳೆಯ ಉತ್ತರದ ಭಾಗ ಅಂದಿನ ಮೈಸೂರು ರಾಜ್ಯಕ್ಕೆ ಸೇರಬೇಕೆಂದಿತು. ವರದಿ ಜಾರಿಗೆ ಬರಲಿಲ್ಲ.

ಹಾಡು ತನ್ನ ಕೆಲಸ ಮಾಡಿತು. ಅದನ್ನು ಕಡಿಮೆಯೆಂದು ಹೇಳುವ ಹಕ್ಕು ನನಗಿಲ್ಲ. ಮನೆಗೆ ಬೆಂಕಿ ಬಿದ್ದ ಹೊತ್ತಿನಲ್ಲಿ ಯಾರೂ ಎರಡು ಭಾಷೆಯಲ್ಲಿ ಕೂಗುವುದಿಲ್ಲ. ಆದರೆ ಅದರ ಸ್ವಭಾವದಲ್ಲೇ ಒಂದು ಮಿತಿಯಿತ್ತು. ಅದು ಕರೆದದ್ದು ಮನೆಯವರನ್ನು. ಗೋಡೆಯಾಚೆ ಇದ್ದವನಿಗೆ, ಈ ಗಲಾಟೆಯಲ್ಲಿ ತನ್ನ ಮೇಲೇನಾದರೂ ದೂರಿದೆಯೋ ಎಂಬ ಸಂಶಯ ಬಂದಿದ್ದರೆ ಆಶ್ಚರ್ಯವಿಲ್ಲ. ನಮ್ಮ ವಾದ ದಿಲ್ಲಿಯ ಆಯೋಗಕ್ಕೆ ತಿಳಿಯಿತು. ಚಂದ್ರಗಿರಿಯ ತೆಂಕು ದಂಡೆಯ ಸಾಮಾನ್ಯ ಮಲಯಾಳಿಗೆ ಎಷ್ಟು ತಿಳಿಯಿತು?

ಮಿತಿ ಹಾಡಿನದು, ಕವಿಯದಲ್ಲ. ಇದೇ ಕಯ್ಯಾರರು ಕುಮಾರನ್ ಆಶಾನರ ಖಂಡಕಾವ್ಯಗಳನ್ನು ಕನ್ನಡಕ್ಕೆ ತಂದವರು. ಆಶಾನರು ಬರಿಯ ಕವಿಯಾಗಿರಲಿಲ್ಲ. 1903ರಲ್ಲಿ ಸ್ಥಾಪನೆಯಾದ ಶ್ರೀ ನಾರಾಯಣ ಧರ್ಮ ಪರಿಪಾಲನ ಯೋಗದ ಮೊದಲ ಕಾರ್ಯದರ್ಶಿ ಅವರು. ನಾರಾಯಣ ಗುರುಗಳ ಸಮಾಜ ಸುಧಾರಣೆಯ ಬಿಸಿ ಅವರ ಕಾವ್ಯದಲ್ಲಿ ಹರಿಯುತ್ತದೆ. 1922ರ 'ದುರವಸ್ಥೆ' ಮತ್ತು 'ಚಂಡಾಲಭಿಕ್ಷುಕಿ' ಎರಡೂ ಜಾತಿಯ ಗೋಡೆಗೆ ತಲೆಯೊಡ್ಡಿದ ಕೃತಿಗಳು. ಕನ್ನಡದ ನೆಲಕ್ಕಾಗಿ ಬೀದಿಗಿಳಿದ ಪೆರಡಾಲದ ಮೇಷ್ಟ್ರು ಅದೇ ಕೈಯಲ್ಲಿ ಮಲಯಾಳದ ಬಂಡಾಯವನ್ನು ಕನ್ನಡಕ್ಕೆ ಇಳಿಸಿಕೊಂಡರು. ಅವರಿಗೆ ಇವೆರಡರಲ್ಲಿ ವಿರೋಧ ಕಾಣಲಿಲ್ಲ. 2015ರಲ್ಲಿ, ನೂರು ತುಂಬಿ, ಕಯ್ಯಾರರು ತೀರಿಕೊಂಡರು. ಅಂದಿನಿಂದ ನಮ್ಮ ಸಭೆಗಳಲ್ಲಿ ಅವರ ವಿಲೀನೀಕರಣದ ಹಾಡು ಕೇಳಿಬರುವಷ್ಟು ಆಶಾನ್ ಅನುವಾದ ಕೇಳಿಬಂದದ್ದನ್ನು ನಾನು ಕಾಣೆ. ಅವರನ್ನು ನಾವು ಅರ್ಧವೇ ಇಟ್ಟುಕೊಂಡಿದ್ದೇವೆ. ಆ ಅರ್ಧವೂ ಪ್ರತಿ ನವೆಂಬರ್ 1ರಂದು, ಕರ್ನಾಟಕದಿಂದ ಬಂದ ಅತಿಥಿಗಳ ಎದುರು, ಒಂದು ಶಾಸ್ತ್ರದ ಹಾಗೆ ನಡೆದುಹೋಗುತ್ತದೆ.

5

ಮೂರನೆಯದು ಎಂಡೋಸಲ್ಫಾನ್. ಕೇರಳ ಪ್ಲಾಂಟೇಷನ್ ಕಾರ್ಪೊರೇಷನ್ನಿನ ಗೇರು ತೋಟಗಳ ಮೇಲೆ 1970ರ ದಶಕದಿಂದ 2000ದವರೆಗೆ ಹೆಲಿಕಾಪ್ಟರಿನಿಂದ ಈ ವಿಷವನ್ನು ಸಿಂಪಡಿಸಲಾಯಿತು. ತೋಟದ ಕೆಳಗಿನ ಸುರಂಗ, ಬಾವಿ, ತೋಡುಗಳಿಗೆ ಅದು ಇಳಿಯಿತು. ಕರುಗಳು ಅಂಗವಿಕಲವಾಗಿ ಹುಟ್ಟುತ್ತಿರುವುದನ್ನು ಪತ್ರಕರ್ತ ಶ್ರೀಪಡ್ರೆಯವರು ಬಹಳ ಮೊದಲೇ, 1979ರಲ್ಲಿ, ಬರೆದರು. ಎಣ್ಮಕಜೆ ಪಂಚಾಯತಿನ ವಾಣಿನಗರದಲ್ಲಿ ಡಾ. ವೈ. ಎಸ್. ಮೋಹನ ಕುಮಾರ್ ಒಂದೇ ಊರಿನಲ್ಲಿ ಇಷ್ಟೊಂದು ವಿಚಿತ್ರ ಕಾಯಿಲೆಗಳೇಕೆ ಎಂದು ಕೇಳಿದರು. ಪೆರಿಯದ ಕಡೆಯಿಂದ ಲೀಲಾಕುಮಾರಿ ಅಮ್ಮ ನ್ಯಾಯಾಲಯದ ಮೆಟ್ಟಿಲು ಹತ್ತಿದರು. ಕನ್ನಡ ಬಲ್ಲವರು, ಮಲಯಾಳ ಬಲ್ಲವರು, ತುಳು ಮಾತ್ರ ಬಲ್ಲ ತಾಯಂದಿರು ಎಲ್ಲರೂ ಸೇರಿ ಕಟ್ಟಿದ ಹೋರಾಟವಿದು. ಇದನ್ನು ಕಟ್ಟುವಾಗ ನಿನ್ನ ಭಾಷೆ ಯಾವುದೆಂದು ಯಾರೂ ಯಾರನ್ನೂ ಕೇಳಲಿಲ್ಲ.

ಈ ದುಃಖವನ್ನು ಕೇರಳದ ಮನೆಮನೆಗೆ ಒಯ್ದವುಗಳಲ್ಲಿ ಎರಡನ್ನು ಹೆಸರಿಸಲೇಬೇಕು. ಒಂದು, 'ಮಾತೃಭೂಮಿ'ಯ ಛಾಯಾಗ್ರಾಹಕ ಮಧುರಾಜ್ ತೆಗೆದ ಚಿತ್ರಗಳು. ಇನ್ನೊಂದು, ಅಂಬಿಕಾಸುತನ್ ಮಾಂಙಾಡ್ ಅವರ ಮಲಯಾಳ ಕಾದಂಬರಿ 'ಎನ್ಮಗಜೆ' (2009). ಕಾಞಂಗಾಡಿನಲ್ಲಿ ಮಲಯಾಳ ಅಧ್ಯಾಪಕರಾಗಿದ್ದ ಲೇಖಕರು ಕನ್ನಡ ಮತ್ತು ತುಳು ಮಾತಿನ ಒಂದು ಪಂಚಾಯತಿನ ಹೆಸರನ್ನೇ ತಮ್ಮ ಕೃತಿಗೆ ಇಟ್ಟರು. ಲೋಕವನ್ನು ಬಿಟ್ಟು ಕಾಡುಗುಡ್ಡಕ್ಕೆ ಬಂದ ನೀಲಕಂಠ ಮತ್ತು ದೇವಯಾನಿ ಎಂಬ ಜೋಡಿಯ ಏಕಾಂತವನ್ನು, ಮೈತುಂಬ ಹುಣ್ಣಾದ ಒಂದು ಮಗು ಮುರಿಯುತ್ತದೆ. ಲೋಕಕ್ಕೆ ಬೆನ್ನು ಹಾಕಿದವರು ಆ ಮಗುವಿನಿಂದಾಗಿ ಮತ್ತೆ ಲೋಕಕ್ಕೆ ಮುಖ ಮಾಡಬೇಕಾಗುತ್ತದೆ. ಜಟಾಧಾರಿ ದೈವದ ಕಥೆ, ಸ್ವರ್ಗ ಎಂಬ ಹೆಸರಿನ ನಿಜವಾದ ಊರು, ಹೋರಾಟದ ದಾಖಲೆಗಳು ಎಲ್ಲವೂ ಒಳಗೆ ಬರುತ್ತವೆ.

ವಿಮರ್ಶಕನ ಕಣ್ಣಿಗೆ ಇಲ್ಲೂ ಬಿರುಕುಗಳು ಕಾಣುತ್ತವೆ. ಮೊದಲ ಭಾಗ ಪುರಾಣದ ಗತಿಯಲ್ಲಿ ಸಾಗಿದರೆ ಮುಂದೆ ಮಾಹಿತಿಯ ಭಾರ ಹೆಚ್ಚುತ್ತದೆ, ಪಾತ್ರಗಳು ವಿಷಯ ತಿಳಿಸಲೆಂದೇ ಮಾತಾಡುವಂತೆ ತೋರುತ್ತದೆ. ಎಣ್ಮಕಜೆಯವನೊಬ್ಬ ಓದಿದರೆ, ತನ್ನ ಊರು ಕೆಲವೆಡೆ ಊರಾಗಿ ಉಳಿಯದೆ ಸಂಕೇತವಾಯಿತು ಎಂದು ಹೇಳಿಯಾನು. ಆದರೂ ತಿರುವನಂತಪುರದ ಕಾಲೇಜು ಹುಡುಗಿ ಎಣ್ಮಕಜೆಯ ಹೆಸರು ಹೇಳಿ ಕಣ್ಣೊರೆಸಿಕೊಂಡದ್ದು ಈ ಪುಸ್ತಕದಿಂದ. ನಾವು ಬರೆದ ಮನವಿಗಳು ಕಚೇರಿಯ ಕಪಾಟಿನಲ್ಲಿದ್ದವು. 2011ರ ಮೇ 13ರಂದು ಸುಪ್ರೀಂ ಕೋರ್ಟು ಎಂಡೋಸಲ್ಫಾನನ್ನು ನಿಷೇಧಿಸಿದ್ದಕ್ಕೆ, 2017ರ ಜನವರಿಯಲ್ಲಿ ಸಂತ್ರಸ್ತರಿಗೆ ತಲಾ ಐದು ಲಕ್ಷ ರೂಪಾಯಿ ಪರಿಹಾರ ಕೊಡಬೇಕೆಂದದ್ದಕ್ಕೆ ಕಾದಂಬರಿಯೇ ಕಾರಣವೆಂದು ನಾನು ಹೇಳುವುದಿಲ್ಲ. ಅವು ತಾಯಂದಿರ ಸತ್ಯಾಗ್ರಹದ, ವಕೀಲರ, ವೈದ್ಯರ ಶ್ರಮದ ಫಲ. ಆದರೆ ಆ ತಾಯಂದಿರು ಸತ್ಯಾಗ್ರಹಕ್ಕೆಂದು ದೂರದ ರಾಜಧಾನಿಯಲ್ಲಿ ಹೋಗಿ ಕುಳಿತಾಗ, ಅವರು ಯಾರೆಂದು ದಾರಿಹೋಕರಿಗೆ ವಿವರಿಸಬೇಕಾಗಿರಲಿಲ್ಲ.

ನನ್ನ ಕೌಂಟರಿಗೆ ಅಂಥ ತಾಯಂದಿರು ಬರುವುದುಂಟು. ಬಂದ ಹಣ ತೆಗೆಯಲು ಚೀಟಿ ತುಂಬಿಸಬೇಕು. ಅವರ ಮಾತು ತುಳು, ಕೈಯಲ್ಲಿರುವ ಕಾಗದ ಮಲಯಾಳ, ಅವರಿಗೆ ಓದಲು ಬರುವುದಿದ್ದರೆ ಅದು ಕನ್ನಡ. ನಾನು ತುಂಬಿಸಿ ಕೊಡುತ್ತೇನೆ, ಹೆಬ್ಬೆಟ್ಟೋ ರುಜುವೋ ಹಾಕುತ್ತಾರೆ. ಮಲಯಾಳದಲ್ಲಿ ಬಂದ ಆ ಕಾದಂಬರಿ ತಮ್ಮ ಕುರಿತದ್ದೆಂದು ಅವರಲ್ಲಿ ಎಷ್ಟು ಜನರಿಗೆ ಗೊತ್ತಿದೆಯೋ ಎಂದು ಆಗೆಲ್ಲ ಯೋಚಿಸುತ್ತೇನೆ.

6

ಮೂರನ್ನೂ ಒಟ್ಟಿಗೆ ಇಟ್ಟು ನೋಡಿದರೆ ತೋರುವುದಿಷ್ಟು. ಮಲಯಾಳಿ ರೈತರ ಕಥೆಯನ್ನು ಕನ್ನಡಿಗ ಬರೆದ, ಮಲಯಾಳಿಗಳು ಅದನ್ನು ತಮ್ಮದೆಂದರು. ಕನ್ನಡ ಊರಿನ ನೋವನ್ನು ಮಲಯಾಳಿ ಬರೆದರು, ಕೇರಳ ಅದಕ್ಕೆ ಕಿವಿಗೊಟ್ಟಿತು. ನಮ್ಮ ಭಾಷೆಯ ಅಳಲನ್ನು ನಾವು ನಮಗಾಗಿ ಹಾಡಿದೆವು. ಅದು ನಮ್ಮ ನಡುವೆಯೇ ಉಳಿಯಿತು. ಚಳವಳಿಯೊಳಗೆ ಕಲೆಗೆ ಎರಡು ಕೆಲಸ: ಒಳಗಿನವರಿಗೆ ಧೈರ್ಯ ಕೊಡುವುದು, ಹೊರಗಿನವರಿಗೆ ಒಳಗನ್ನು ಕಾಣಿಸುವುದು. ಬಹುಸಂಖ್ಯಾತರ ಚಳವಳಿ ಮೊದಲನೆಯದರಲ್ಲೇ ಗೆದ್ದೀತು, ಅವರಿಗೆ ಸಂಖ್ಯೆಯ ಬಲವಿದೆ. ಆ ಬಲವಿಲ್ಲದ ನಮಗೆ ಎರಡನೆಯದೂ ಬೇಕೇ ಬೇಕು.

2017ರಲ್ಲಿ ಕೇರಳದ ಶಾಲೆಗಳಲ್ಲಿ ಮಲಯಾಳ ಕಲಿಕೆಯನ್ನು ಕಡ್ಡಾಯ ಮಾಡುವ ಶಾಸನ ಬಂದಾಗ ಕಾಸರಗೋಡಿನ ಕನ್ನಡಿಗರು ಬೀದಿಗಿಳಿದರು. ಇಳಿಯಬೇಕಾದ್ದೇ, ನಾನೂ ಹೋಗಿದ್ದೆ. ಹಳೆಯ ಹಾಡುಗಳನ್ನೇ ಹಾಡಿದೆವು. ಮರುದಿನ ಬ್ಯಾಂಕಿನಲ್ಲಿ ಎಳೆಯ ಸಹೋದ್ಯೋಗಿಯೊಬ್ಬ, "ಮಲಯಾಳ ಕಲಿತರೆ ನಿಮಗೇನು ನಷ್ಟ ಮಾಷೇ? ನೀವು ಚೆನ್ನಾಗಿಯೇ ಮಾತಾಡುತ್ತೀರಲ್ಲ" ಎಂದು ಕೇಳಿದ. ಅದರಲ್ಲಿ ಕುಹಕವಿರಲಿಲ್ಲ, ನಿಜವಾಗಿಯೂ ಅವನಿಗೆ ಗೊತ್ತಿರಲಿಲ್ಲ. ಕನ್ನಡ ತರಗತಿಯಲ್ಲಿ ಮಕ್ಕಳು ವರ್ಷದಿಂದ ವರ್ಷಕ್ಕೆ ಕಡಿಮೆಯಾಗುವುದು, ಕನ್ನಡ ಬಾರದ ಅಧ್ಯಾಪಕ ಕನ್ನಡ ಮಾಧ್ಯಮದ ಮಕ್ಕಳೆದುರು ನಿಲ್ಲುವುದು, ಅಜ್ಜಿ ಬರೆದಿಟ್ಟ ಹಾಡಿನ ಪುಸ್ತಕ ಮೊಮ್ಮಗಳಿಗೆ ಬರಿಯ ಚಿತ್ತಾರವಾಗುವುದು, ಇದನ್ನೆಲ್ಲ ಒಂದು ಮಲಯಾಳ ಕಥೆಯಾಗಿ ಅವನು ಓದಿರಲಿಲ್ಲ. ಬರೆದವರಿದ್ದರೆ ತಾನೆ ಓದುವುದು? ಎರಡೂ ಭಾಷೆ ಬಲ್ಲವರು ಅವನ ಕಡೆ ಎಷ್ಟು ಜನರಿದ್ದಾರೋ ತಿಳಿಯದು, ನಮ್ಮ ಕಡೆ ಮನೆಗೊಬ್ಬರಿದ್ದೇವೆ. ಆ ಬಲವನ್ನು ನಾವು ಅರ್ಜಿ ತುಂಬಿಸಲಿಕ್ಕೆ ಮಾತ್ರ ಬಳಸುತ್ತಿದ್ದೇವೆ.

ಹಳೆಯ ಹಾಡನ್ನು ಬಿಡಬೇಕೆಂದು ನನ್ನ ಅಭಿಪ್ರಾಯವಲ್ಲ. ಅಜ್ಜನ ಬಾಯಲ್ಲಿ ಅದನ್ನು ಕೇಳಿದವನು ಹಾಗೆ ಹೇಳಲಾರ. ಕಯ್ಯಾರರು ಮಾಡಿದ ಇನ್ನರ್ಧ ಕೆಲಸವನ್ನು ತಿರುಗುಮುರುಗಾಗಿ ಮಾಡಬೇಕಾಗಿದೆ ಎಂದಷ್ಟೇ ಹೇಳುತ್ತೇನೆ. ಅವರು ಆಶಾನರನ್ನು ಈಚೆಗೆ ತಂದರು. ನಮ್ಮ ಮಾತನ್ನು ಆಚೆಗೆ ಒಯ್ಯುವವರು ಬೇಕು.

ಈ ವಾರ್ಷಿಕ ಸಂಚಿಕೆಯನ್ನೇ ತೆಗೆದುಕೊಳ್ಳಿ. ಕನ್ನಡ ಪುಟಗಳು ಒಂದು ಕಡೆ, ಮಲಯಾಳ ಪುಟಗಳು ಇನ್ನೊಂದು ಕಡೆ. ನಾವು ನಮ್ಮ ಅರ್ಧ ಓದಿ ಮಡಚಿಡುತ್ತೇವೆ, ಅವರು ತಮ್ಮ ಅರ್ಧ. ಸಂಪಾದಕರಲ್ಲಿ ನನ್ನದೊಂದು ವಿನಂತಿ ಇದೆ. ಮುಂದಿನ ವರ್ಷದಿಂದ ಪ್ರತಿ ಸಂಚಿಕೆಯಲ್ಲಿ ಕನ್ನಡದ ಒಂದು ಕಥೆಯಾದರೂ ಮಲಯಾಳ ಪುಟಗಳಲ್ಲಿ, ಅಲ್ಲಿಯದೊಂದು ಈ ಪುಟಗಳಲ್ಲಿ ಬರಲಿ. ಅನುವಾದಕ್ಕೆ ಜನ ಸಿಗದಿದ್ದರೆ ನಾನೊಬ್ಬನಿದ್ದೇನೆ, ಸಾಹಿತಿಯಲ್ಲದಿದ್ದರೂ ಎರಡೂ ಲಿಪಿ ಬಲ್ಲವನು.

ಚೆರುವತ್ತೂರಿನ ಆ ಹಿರಿಯರು ಈಗ ನಿವೃತ್ತರು. ಅಪ್ಪನ ಪ್ರತಿ ಇನ್ನೂ ಅವರ ಬಳಿಯಲ್ಲಿದೆ, ನಾನೂ ಮರಳಿ ಕೇಳಿಲ್ಲ. ಕಳೆದ ಓಣಂಗೆ ಅವರ ಮನೆಗೆ ಹೋಗಿದ್ದಾಗ, ಮೊದಲ ಪುಟವನ್ನು ಕನ್ನಡದಲ್ಲಿ ಓದಿ ಹೇಳಿ ಎಂದರು. ಓದಿದೆ. ಅರ್ಧ ತಿಳಿಯಿತು, ಉಳಿದದ್ದು ಮೊದಲೇ ಗೊತ್ತಿತ್ತು ಎಂದರು.